ರ‍್ಯಾಮ್ ತಗೊಳ್ಳೋ ಮೊದಲು ಲಾಂಚರ್ ಬಂದ್ ಮಾಡಿ ನೋಡಿ

ಪ್ರಶ್ನೆ: ಸರ್, ನಾನು ಗದಗ-ಬೆಟಗೇರಿಯವನು, ಬಿಸಿಎ ಎರಡನೇ ವರ್ಷ. ನನ್ನದು ಗೇಮಿಂಗ್ ಲ್ಯಾಪ್‌ಟಾಪ್. ರೈಜನ್ 5 4600ಎಚ್ ಪ್ರೊಸೆಸರ್, ಜಿಟಿಎಕ್ಸ್ 1650 ಗ್ರಾಫಿಕ್ಸ್ ಕಾರ್ಡ್, 8 ಜಿಬಿ ರ‍್ಯಾಮ್, 256 ಜಿಬಿ ಎಸ್‌ಎಸ್‌ಡಿ, ಜೊತೆಗೆ 1 ಟಿಬಿ ಹಾರ್ಡ್ ಡಿಸ್ಕ್. ಗೇಮ್ ಎಲ್ಲಾ ಹಾರ್ಡ್ ಡಿಸ್ಕಿನಲ್ಲಿ, ಅಂದರೆ ಡಿ ಡ್ರೈವ್‌ನಲ್ಲಿ. ಸಂಜೆ ಕಾಲೇಜಿನಿಂದ ಬಂದು ವ್ಯಾಲೊರಂಟ್ ಹಾಕಿದರೆ 120 ಎಫ್‌ಪಿಎಸ್ (ಸೆಕೆಂಡಿಗೆ ಬರೋ ಚಿತ್ರಗಳ ಲೆಕ್ಕ) ಇದ್ದದ್ದು ಒಮ್ಮೆಲೇ 20ಕ್ಕೆ ಬೀಳುತ್ತದೆ, ನಾಲ್ಕೈದು ಸೆಕೆಂಡ್ ಹಿಡಿದು ಬಿಡುತ್ತದೆ. ಪಿಂಗ್, ಅಂದರೆ ನೆಟ್‌ನಲ್ಲಿ ಸರ್ವರ್ ಉತ್ತರ ಬರೋಕೆ ಹಿಡಿಯೋ ಹೊತ್ತು, ಸರಿ ಇರುತ್ತದೆ. ಅರ್ಧ ಮುಕ್ಕಾಲು ಗಂಟೆ ಆದಮೇಲೆ ತಾನೇ ಸರಿಹೋಗುತ್ತದೆ. ಜಿಟಿಎ 5 ತೆರೆಯೋದಕ್ಕೂ ಬಹಳ ಹೊತ್ತು. ಸ್ಟೀಮ್, ಎಪಿಕ್, ರಾಯಟ್, ರಾಕ್‌ಸ್ಟಾರ್ ನಾಲ್ಕೂ ಲಾಂಚರ್, ಅಂದರೆ ಗೇಮ್ ಇಳಿಸಿ ತೆರೆಯೋ ಸಾಫ್ಟ್‌ವೇರ್, ಇವೆ. ಒಬ್ಬರು ರ‍್ಯಾಮ್ ಹೆಚ್ಚಿಸು ಅಂದರು, ಇನ್ನೊಬ್ಬರು ಫಾರ್ಮ್ಯಾಟ್ ಹೊಡಿ ಅಂದರು, ಗೆಳೆಯ ಗೇಮ್ ಬೂಸ್ಟರ್ ಹಾಕು ಅಂತಾನೆ. ಲಾಂಚರ್‌ಗಳಿಂದ ಹೀಗಾಗುತ್ತಾ? ಅವನ್ನು ತೆಗೆದರೆ ಗೇಮ್ ಹೋಗುತ್ತಾ?

ಉತ್ತರ: ಅರ್ಧ ಉತ್ತರ ನೀವೇ ಬರೆದಿದ್ದೀರಿ, ಗಮನಿಸಿಲ್ಲ ಅಷ್ಟೇ. "ಅರ್ಧ ಮುಕ್ಕಾಲು ಗಂಟೆ ಆದಮೇಲೆ ತಾನೇ ಸರಿಹೋಗುತ್ತದೆ" ಅಂದಿರಲ್ಲ, ಆ ಒಂದು ಸಾಲು. ಲ್ಯಾಪ್‌ಟಾಪ್ ಬಿಸಿಯಾಗಿ ಗೇಮ್ ನಿಧಾನ ಆಗ್ತಿದ್ದರೆ ಹೊತ್ತು ಹೋದಂತೆ ತೊಂದರೆ ಜಾಸ್ತಿ ಆಗಬೇಕಿತ್ತು. ಮೊದಲ ಹತ್ತು ನಿಮಿಷ ಚೆನ್ನಾಗಿ ಓಡಿ, ಆಮೇಲೆ ಫ್ಯಾನ್ ಕೂಗೋಕೆ ಶುರುವಾಗಿ, ಆಮೇಲೆ ಎಫ್‌ಪಿಎಸ್ ಇಳಿಯಬೇಕಿತ್ತು. ಗ್ರಾಫಿಕ್ಸ್ ಕಾರ್ಡಿಗೆ ಗೇಮ್ ಭಾರವಾಗಿದ್ದರೆ ಆಡಿದಷ್ಟು ಹೊತ್ತೂ ಒಂದೇ ಸಮನೆ ಕಡಿಮೆ ಇರುತ್ತಿತ್ತು. ನಿಮ್ಮದು ಉಲ್ಟಾ. ಮೊದಲು ಕೆಟ್ಟದಾಗಿದ್ದು ಆಮೇಲೆ ಸುಧಾರಿಸುತ್ತದೆ. ಅಂದರೆ ನೀವು ಲ್ಯಾಪ್‌ಟಾಪ್ ಹಚ್ಚಿದ ಕೂಡಲೇ ಯಾರೋ ಒಳಗೆ ಒಂದು ಕೆಲಸ ಶುರು ಮಾಡುತ್ತಾರೆ, ಮುಕ್ಕಾಲು ಗಂಟೆಗೆ ಮುಗಿಸುತ್ತಾರೆ. ಆ ಯಾರೋ ಬಹುಶಃ ಲಾಂಚರ್.

ಇದನ್ನು ನಾನು ಮರ್ಯಾದೆ ಕಳಕೊಂಡು ಕಲಿತೆ. ಹುಬ್ಬಳ್ಳಿಯಲ್ಲಿ ನನ್ನದು ರಿಪೇರಿ ಅಂಗಡಿ. ಧಾರವಾಡದ ಸಪ್ತಾಪುರದಲ್ಲಿ ರೂಮ್ ಮಾಡಿಕೊಂಡಿದ್ದ ಹುಡುಗನೊಬ್ಬ ಚಿಗರಿ ಬಸ್ಸಿನಲ್ಲಿ ಸಿಪಿಯು ಡಬ್ಬಿಯನ್ನು ತೊಡೆ ಮೇಲೆ ಇಟ್ಟುಕೊಂಡು ಬಂದ. "ರಾತ್ರಿ ಆಡೋಕೆ ಕೂತರೆ ಹಿಡಿದು ಹಿಡಿದು ಬಿಡ್ತದ ಅಣ್ಣಾ" ಅಂದ. ತೆರೆದರೆ ಒಂದು ಮುಷ್ಟಿ ಧೂಳು. ನಮ್ಮ ಕಡೆ ಧೂಳು ಇಲ್ಲದ ಸಿಪಿಯು ಸಿಕ್ಕರೆ ನಾನೇ ಫೋಟೋ ತೆಗೆದು ಇಟ್ಟುಕೊಳ್ಳುತ್ತೇನೆ, ಅದು ಬೇರೆ ಮಾತು. ಊದಿ ಸ್ವಚ್ಛ ಮಾಡಿದೆ, ಪ್ರೊಸೆಸರ್ ಬಿಸಿ ಇಳಿಸೋ ಥರ್ಮಲ್ ಪೇಸ್ಟ್ ಹಚ್ಚಿದೆ, ಎರಡು ದಿನ ಅಂಗಡಿಯಲ್ಲೇ ಗೇಮ್ ಓಡಿಸಿ ನೋಡಿದೆ, ಬೆಣ್ಣೆ ಹಾಗೆ ಓಡಿತು. ದುಡ್ಡು ತಗೊಂಡು ಕಳಿಸಿದೆ. ಮೂರನೇ ದಿನ ಫೋನ್. ಮತ್ತೆ ತಂದ, ಮತ್ತೆ ಅಂಗಡಿಯಲ್ಲಿ ಏನೂ ಇಲ್ಲ. ಕೊನೆಗೆ ಒಂದು ಭಾನುವಾರ ನಾನೇ ಅವನ ರೂಮಿಗೆ ಹೋಗಿ ಕೂತೆ. ಕಂಪ್ಯೂಟರ್ ಹಚ್ಚಿದ, ವೈಫೈ ಹಿಡಿಯಿತು, ಒಂದೆರಡು ನಿಮಿಷದಲ್ಲಿ ಡಬ್ಬಿ ಮುಂದಿನ ಹಾರ್ಡ್ ಡಿಸ್ಕ್ ದೀಪ ಮಿಣಮಿಣ ಅನ್ನೋದು ಬಿಟ್ಟು ಒಂದೇ ಸಮನೆ ಉರಿಯತೊಡಗಿತು. ಆಗ ತಲೆಗೆ ಹೊಳೆಯಿತು. ಅಂಗಡಿಯಲ್ಲಿ ನಾನು ಅದಕ್ಕೆ ಇಂಟರ್ನೆಟ್ಟೇ ಕೊಟ್ಟಿರಲಿಲ್ಲ! ನೆಟ್ ಇಲ್ಲದಿದ್ದರೆ ಲಾಂಚರ್‌ಗೆ ಅಪ್‌ಡೇಟ್ ಅನ್ನೋ ಕೆಲಸವೇ ಇಲ್ಲ. ಪೇಸ್ಟಿನ ದುಡ್ಡು ವಾಪಸ್ ಕೊಟ್ಟೆ. ಅದರಲ್ಲೇ ಅವನು ನನಗೆ ಗಿರ್ಮಿಟ್ ಮಿರ್ಚಿ ತಿನ್ನಿಸಿದ.

ಈಗ ಒಳಗೆ ಏನಾಗುತ್ತೆ ಅಂತ ಹೇಳ್ತೀನಿ, ಯಾಕಂದ್ರೆ ಇದು ಗೊತ್ತಾದರೆ ಯಾವ ಬಟನ್ ಒತ್ತಬೇಕು ಅಂತ ನಿಮಗೇ ಹೊಳೆಯುತ್ತದೆ. ಅಪ್‌ಡೇಟ್ ಅಂದರೆ ನಾವು ಬರೀ ಡೌನ್‌ಲೋಡ್ ಅಂದುಕೊಳ್ಳುತ್ತೇವೆ. ಡೌನ್‌ಲೋಡ್ ಅದರ ಸಣ್ಣ ಭಾಗ. ಬಂದ ಫೈಲುಗಳು ಒತ್ತಿ ಗಂಟು ಕಟ್ಟಿದ ಹಾಗೆ ಇರುತ್ತವೆ, ಅವನ್ನು ಬಿಚ್ಚಬೇಕು. ಅದು ಪ್ರೊಸೆಸರ್ ಕೆಲಸ. ಬಿಚ್ಚಿದ್ದನ್ನು ಹಳೆಯ ಗೇಮ್ ಫೈಲಿಗೆ ಸೇರಿಸಬೇಕು. ಇಲ್ಲೇ ಇರೋದು ಮಜಾ. ದೊಡ್ಡ ಗೇಮ್‌ಗಳು ಸಾವಿರಾರು ಚಿತ್ರ, ಸದ್ದು ಎಲ್ಲವನ್ನೂ ಕೆಲವೇ ದೊಡ್ಡ ದೊಡ್ಡ ಫೈಲುಗಳಲ್ಲಿ ತುಂಬಿ ಇಟ್ಟಿರುತ್ತವೆ. 20 ಜಿಬಿ ಫೈಲಿನಲ್ಲಿ ಚೂರೇ ಚೂರು ಬದಲಾದರೂ ಎಷ್ಟೋ ಸಲ ಇಡೀ ಫೈಲನ್ನು ಓದಿ ಹೊಸದಾಗಿ ಬರೆಯಬೇಕಾಗುತ್ತದೆ. ಅಂದರೆ ನೆಟ್‌ನಿಂದ ಬಂದದ್ದು 300 ಎಂಬಿ, ಡಿಸ್ಕಿನ ಮೇಲೆ ನಡೆದ ಓದು ಬರಹ ಹತ್ತಾರು ಜಿಬಿ. ನಿಮ್ಮ ಪಿಂಗ್ ಯಾಕೆ ಸರಿ ಇತ್ತು ಅಂತ ಗೊತ್ತಾಯ್ತಲ್ವಾ? ನೆಟ್ ಮೇಲೆ ಭಾರ ಬಿದ್ದಿರಲಿಲ್ಲ, ಬಿದ್ದದ್ದು ಡಿ ಡ್ರೈವ್ ಮೇಲೆ.

ಎಸ್‌ಎಸ್‌ಡಿ ಆಗಿದ್ದರೆ ಇದನ್ನು ತಡೆದುಕೊಳ್ಳುತ್ತಿತ್ತು. ಹಾರ್ಡ್ ಡಿಸ್ಕಿನಲ್ಲಿ ಇರೋದು ತಿರುಗೋ ತಟ್ಟೆ, ಅದರ ಮೇಲೆ ಓಡಾಡೋ ಸೂಜಿ. ಲಾಂಚರ್ ಒಂದು ಮೂಲೆಯಲ್ಲಿ ಬರೆ ಅನ್ನುತ್ತದೆ, ವ್ಯಾಲೊರಂಟ್ ಇನ್ನೊಂದು ಮೂಲೆಯಿಂದ ಓದಿ ಕೊಡು ಅನ್ನುತ್ತದೆ. ಸೂಜಿ ಆ ಕಡೆ ಈ ಕಡೆ ಓಡೋದರಲ್ಲೇ ಕಾಲ ಕಳೆಯುತ್ತದೆ. ಮದುವೆ ಮನೆಯಲ್ಲಿ ಬಡಿಸೋನು ಒಬ್ಬನೇ ಇದ್ದು ನಾಲ್ಕು ಪಂಕ್ತಿಯಿಂದ ಕೂಗಿದರೆ ಹೇಗೋ ಹಾಗೆ. 60 ಎಫ್‌ಪಿಎಸ್ ಬೇಕು ಅಂದರೆ ಪ್ರತಿ ಚಿತ್ರಕ್ಕೆ 16.7 ಮಿಲಿಸೆಕೆಂಡ್ ಸಿಗುತ್ತದೆ, ನಿಮ್ಮ 120ಕ್ಕೆ ಅದರ ಅರ್ಧ. ಅಷ್ಟರಲ್ಲಿ ಬೇಕಾದ ಫೈಲ್ ಡಿಸ್ಕಿನಿಂದ ಬರಲಿಲ್ಲ ಅಂದರೆ ಗೇಮ್ ಕಾಯುತ್ತಾ ನಿಲ್ಲುತ್ತದೆ.

"ಆದರೆ ಗೇಮ್ ಆಡುವಾಗ ಸ್ಟೀಮ್ ಡೌನ್‌ಲೋಡ್ ನಿಲ್ಲಿಸುತ್ತದಲ್ಲ?" ಅಂತ ನೀವು ಕೇಳಬಹುದು. ನಿಲ್ಲಿಸುತ್ತದೆ. ಆಡುವಾಗ ಡೌನ್‌ಲೋಡ್ ಬೇಡ ಅನ್ನೋದೇ ಅದರಲ್ಲಿ ಮೊದಲಿನಿಂದ ಇರೋ ಸೆಟ್ಟಿಂಗ್. ಆದರೆ ಅದು ನಿಲ್ಲಿಸೋದು ತನ್ನ ಮೂಲಕ ತೆರೆದ ಗೇಮ್‌ಗೆ ಮಾತ್ರ. ನೀವು ವ್ಯಾಲೊರಂಟ್ ತೆರೆದದ್ದು ರಾಯಟ್ ಕಡೆಯಿಂದ. ಸ್ಟೀಮ್ ಪಾಲಿಗೆ ವ್ಯಾಲೊರಂಟ್ ಅನ್ನೋದು ಯಾವುದೋ ಒಂದು ಸಾಫ್ಟ್‌ವೇರ್, ಎಕ್ಸೆಲ್ ಇದ್ದ ಹಾಗೆ. ಹುಡುಗ ಏನೋ ಬರೀತಾ ಕೂತಿದ್ದಾನೆ ಅಂತ ತನ್ನ ಪಾಡಿಗೆ ಜಿಟಿಎ ಅಪ್‌ಡೇಟ್ ಮಾಡುತ್ತಾ ಇರುತ್ತದೆ. ಒಂದೇ ಲಾಂಚರ್ ಇದ್ದವರಿಗೆ ಈ ತೊಂದರೆ ಕಡಿಮೆ, ನಾಲ್ಕು ಇಟ್ಟವರಿಗೆ ಜಾಸ್ತಿ ಅನ್ನೋದಕ್ಕೆ ಕಾರಣ ಇದೇ. ಒಬ್ಬರ ಸುದ್ದಿ ಒಬ್ಬರಿಗೆ ಗೊತ್ತಿಲ್ಲ.

ನನ್ನ ಮಾತು ನಂಬಬೇಡಿ, ನೀವೇ ಹಿಡಿಯಿರಿ. ನಾಳೆ ಸಂಜೆ ಎಂದಿನ ಹಾಗೆ ಲ್ಯಾಪ್‌ಟಾಪ್ ಹಚ್ಚಿ. ಏನನ್ನೂ ಬಂದ್ ಮಾಡಬೇಡಿ, ಕಳ್ಳ ಬರಬೇಕು. ಚಾರ್ಜರ್ ಮಾತ್ರ ಸಿಕ್ಕಿಸಿ, ಬ್ಯಾಟರಿ ಮೇಲೆ ಓಡಿದರೆ ಎಫ್‌ಪಿಎಸ್ ಹೇಗೂ ಕಡಿಮೆ. ಸ್ಟಾರ್ಟ್ ಮೆನುವಿನಲ್ಲಿ ರಿಸೋರ್ಸ್ ಮಾನಿಟರ್ ಅಂತ ಹುಡುಕಿ ತೆರೆಯಿರಿ, ಡಿಸ್ಕ್ ಅನ್ನೋ ಟ್ಯಾಬ್‌ಗೆ ಹೋಗಿ, ಅದನ್ನು ಹಾಗೇ ಬಿಡಿ. ವ್ಯಾಲೊರಂಟ್‌ನಲ್ಲಿ ಪ್ರಾಕ್ಟೀಸ್ ರೇಂಜ್‌ಗೆ ಹೋಗಿ. ರ‍್ಯಾಂಕ್ ಪಂದ್ಯದಲ್ಲಿ ಈ ಪ್ರಯೋಗ ಬೇಡ, ಉಳಿದ ನಾಲ್ವರು ಬೈಯುತ್ತಾರೆ. ಗೇಮ್ ಹಿಡಿದ ಕೂಡಲೇ ಆಲ್ಟ್ ಟ್ಯಾಬ್ ಒತ್ತಿ ಹೊರಗೆ ಬನ್ನಿ. ಅಲ್ಲಿ ಯಾವ ಪ್ರೋಗ್ರಾಂ ಯಾವ ಫೈಲನ್ನು ಎಷ್ಟು ಓದುತ್ತಿದೆ, ಎಷ್ಟು ಬರೆಯುತ್ತಿದೆ ಅಂತ ಹೆಸರು ಸಮೇತ ಇರುತ್ತದೆ. ಅದು ಕಳೆದ ಒಂದು ನಿಮಿಷದ ಸರಾಸರಿ ತೋರಿಸೋದರಿಂದ ಸ್ವಲ್ಪ ತಡವಾಗಿ ಬಂದರೂ ಸಿಕ್ಕಿಬೀಳುತ್ತದೆ. ಬರೆಯೋದರ ಮೇಲೆ ಕ್ಲಿಕ್ ಮಾಡಿದರೆ ಜಾಸ್ತಿ ಬರೆಯುತ್ತಿರೋದು ಮೇಲಕ್ಕೆ ಬರುತ್ತದೆ. ಸ್ಟೀಮ್‌ಆ್ಯಪ್ಸ್ ಫೋಲ್ಡರ್ ಒಳಗಿನ ಡೌನ್‌ಲೋಡಿಂಗ್ ಅನ್ನೋ ದಾರಿ ಕಂಡರೆ ಕಥೆ ಮುಗಿಯಿತು, ಅದು ಅಪ್‌ಡೇಟ್. ಮೇಲೆ ಎಂಎಸ್‌ಎಂಪಿಇಎನ್‌ಜಿ ಅಂತ ಕಂಡರೆ ಅದು ವಿಂಡೋಸ್‌ನ ಆ್ಯಂಟಿವೈರಸ್. ಲಾಂಚರ್ ಬರೆದ ಪ್ರತಿ ಫೈಲನ್ನೂ ಅದು ಹಿಂದೆಯೇ ಬಂದು ಪರೀಕ್ಷೆ ಮಾಡುತ್ತದೆ, ಹಾಗಾಗಿ ಇಬ್ಬರೂ ಜೋಡಿಯಾಗಿ ಸಿಗೋದೇ ಹೆಚ್ಚು.

ಮರುದಿನ ಉಲ್ಟಾ ಪರೀಕ್ಷೆ. ಲ್ಯಾಪ್‌ಟಾಪ್ ಹಚ್ಚಿದ ಕೂಡಲೇ ಕೆಳಗೆ ಗಡಿಯಾರದ ಪಕ್ಕದ ಬಾಣದ ಗುರುತು ಒತ್ತಿ. ಅಲ್ಲಿ ಸಾಲಾಗಿ ಕೂತಿರುತ್ತಾರೆ ಎಲ್ಲರೂ. ಮೂಲೆಯ ಕ್ರಾಸ್ ಗುರುತು ಒತ್ತಿದರೆ ಲಾಂಚರ್ ಹೋಗೋದಿಲ್ಲ, ಇಲ್ಲಿ ಬಂದು ಅಡಗಿ ಕೂರುತ್ತದೆ. ಒಂದೊಂದರ ಮೇಲೂ ಬಲಗಡೆ ಕ್ಲಿಕ್ ಮಾಡಿ ಎಕ್ಸಿಟ್ ಕೊಡಿ. ಆಟದಲ್ಲಿ ಮೋಸ ತಡೆಯೋ ರಾಯಟ್‌ನ ವ್ಯಾನ್‌ಗಾರ್ಡ್ ಒಂದನ್ನು ಮುಟ್ಟಬೇಡಿ, ಅದನ್ನು ತೆಗೆದರೆ ಮತ್ತೆ ರೀಸ್ಟಾರ್ಟ್ ಮಾಡೋವರೆಗೆ ವ್ಯಾಲೊರಂಟ್ ಆಡೋಕೆ ಬಿಡೋದಿಲ್ಲ. ಆಮೇಲೆ ಇಪ್ಪತ್ತು ನಿಮಿಷ ಆಡಿ. ಈಗ ಹಿಡಿಯಲಿಲ್ಲ ಅಂದರೆ ನಿಮ್ಮ ರ‍್ಯಾಮ್ ದುಡ್ಡು ಸದ್ಯಕ್ಕೆ ಜೇಬಿನಲ್ಲೇ ಇರಲಿ. ಹಾಗೂ ಹಿಡಿದರೆ ಲಾಂಚರ್ ತಪ್ಪಿಲ್ಲ, ನನಗೆ ಮತ್ತೆ ಬರೆಯಿರಿ, ಆಗ ಮೊದಲು ನೋಡಬೇಕಾದದ್ದು ಆ ಹಾರ್ಡ್ ಡಿಸ್ಕಿನ ಆರೋಗ್ಯ.

ಲಾಂಚರ್ರೇ ಅಂತ ಖಾತ್ರಿಯಾದರೆ ಪರಿಹಾರ ಸುಲಭ. ಕಂಟ್ರೋಲ್, ಶಿಫ್ಟ್, ಎಸ್ಕೇಪ್ ಮೂರನ್ನೂ ಒತ್ತಿ ಟಾಸ್ಕ್ ಮ್ಯಾನೇಜರ್ ತೆರೆದು, ಸ್ಟಾರ್ಟಪ್ ವಿಭಾಗದಲ್ಲಿ ಸ್ಟೀಮ್, ಎಪಿಕ್, ರಾಯಟ್ ಕ್ಲೈಂಟ್, ಡಿಸ್ಕಾರ್ಡ್ ಎಲ್ಲಕ್ಕೂ ಡಿಸೇಬಲ್ ಕೊಡಿ. ಇನ್ನು ಮುಂದೆ ನೀವು ಕರೆದಾಗ ಮಾತ್ರ ಬರುತ್ತವೆ. ಸ್ಟೀಮ್‌ನಲ್ಲಿ ಇಂತಿಷ್ಟು ಹೊತ್ತಿನಲ್ಲೇ ಅಪ್‌ಡೇಟ್ ಮಾಡು ಅಂತ ವೇಳೆ ಇಡಬಹುದು, ಆದರೆ ಲ್ಯಾಪ್‌ಟಾಪಿನವರಿಗೆ ಅದು ಅಷ್ಟು ಉಪಯೋಗ ಇಲ್ಲ, ಬೆಳಗಿನ ಜಾವ 4 ಗಂಟೆ ಅಂತ ಇಟ್ಟರೆ ಆಗ ಲ್ಯಾಪ್‌ಟಾಪ್ ಬ್ಯಾಗಿನಲ್ಲಿ ಮಲಗಿರುತ್ತದೆ. ಬದಲಿಗೆ ಕಾಲೇಜಿನಿಂದ ಬಂದ ಕೂಡಲೇ ಸ್ಟೀಮ್, ಎಪಿಕ್ ಎರಡನ್ನೂ ಕೈಯಾರೆ ತೆರೆದು ಬಿಟ್ಟು, ಮುಖ ತೊಳೆದು ಚಹಾ ಕುಡಿದು ಬನ್ನಿ. ಅಷ್ಟರಲ್ಲಿ ಅಪ್‌ಡೇಟ್ ಮುಗಿದಿದ್ದರೆ ಎರಡಕ್ಕೂ ಎಕ್ಸಿಟ್ ಕೊಟ್ಟು ಆಡಿ. ಮುಗಿದಿಲ್ಲ ಅಂದರೆ ಪಾಸ್ ಒತ್ತಿ ಡೌನ್‌ಲೋಡ್ ನಿಲ್ಲಿಸಿ, ಊಟಕ್ಕೆ ಎದ್ದಾಗ ಮುಂದುವರಿಸಿ.

ಇನ್ನೂ ಒಂದು ಕೆಲಸ, ಇದು ಬೇರೆ ಎಲ್ಲದಕ್ಕಿಂತ ಜಾಸ್ತಿ ಫಲ ಕೊಡುತ್ತದೆ. ದಿನಾ ಆಡೋ ಗೇಮ್ ಒಂದನ್ನಾದರೂ ಎಸ್‌ಎಸ್‌ಡಿಗೆ ತನ್ನಿ. ವ್ಯಾಲೊರಂಟ್ ಅನ್ನು ತೆಗೆದು ಮತ್ತೆ ಹಾಕುವಾಗ ಸಿ ಡ್ರೈವ್ ತೋರಿಸಿ. ಡಿಯಲ್ಲಿ ಅಪ್‌ಡೇಟ್ ನಡೆದರೂ ಅದಕ್ಕೆ ತಾಗೋದು ಕಡಿಮೆ ಆಗುತ್ತದೆ. ಸಿ ಡ್ರೈವ್ ಕಂಠಪೂರ್ತಿ ತುಂಬಿಸಬೇಡಿ, 30 ಜಿಬಿಯಾದರೂ ಖಾಲಿ ಇರಲಿ.

ಡಿಸ್ಕ್ ಅಲ್ಲದೆ ಲಾಂಚರ್ ಕಾಟ ಕೊಡೋ ಬೇರೆ ದಾರಿಗಳೂ ಇವೆ. ನಿಮಗೆ ಅವು ಎರಡನೇ ಸಾಲಿನ ಅನುಮಾನಗಳು, ಆದರೂ ಗೊತ್ತಿರಲಿ.

ಈಗಿನ ಲಾಂಚರ್ ಅಂದರೆ ಒಳಗೆ ಒಂದು ಬ್ರೌಸರ್. ಅಂಗಡಿ, ವಿಡಿಯೋ ಜಾಹೀರಾತು, ಗೆಳೆಯರ ಪಟ್ಟಿ ಎಲ್ಲಾ ವೆಬ್ ಪುಟಗಳೇ. ಟಾಸ್ಕ್ ಮ್ಯಾನೇಜರ್‌ನಲ್ಲಿ ಸ್ಟೀಮ್ ವೆಬ್‌ಹೆಲ್ಪರ್ ಅಂತ ಐದಾರು ಸಾಲು ಕಾಣೋದು ಅದಕ್ಕೇ. 8 ಜಿಬಿ ರ‍್ಯಾಮ್‌ನಲ್ಲಿ ವಿಂಡೋಸ್, ಇಂಥ ಮೂರು ಬ್ರೌಸರ್, ಮೇಲೆ ನಿಮ್ಮ ಕ್ರೋಮ್ ಎಲ್ಲಾ ಕೂತರೆ ಗೇಮ್‌ಗೆ ಉಳಿಯೋದು ಎಷ್ಟು? ಹಾಗಾಗಿ ರ‍್ಯಾಮ್ ಹೆಚ್ಚಿಸು ಅಂದವರು ಪೂರ್ತಿ ತಪ್ಪು ಹೇಳಿಲ್ಲ. ಸ್ಟೀಮ್‌ನ ಲೈಬ್ರರಿ ಸೆಟ್ಟಿಂಗ್‌ನಲ್ಲಿ ಲೋ ಬ್ಯಾಂಡ್‌ವಿಡ್ತ್, ಲೋ ಪರ್ಫಾರ್ಮೆನ್ಸ್ ಅಂತ ಎರಡು ಮೋಡ್ ಇವೆ, ಎರಡನ್ನೂ ಆನ್ ಮಾಡಿ, ಅಂದ ಸ್ವಲ್ಪ ಕಡಿಮೆಯಾದರೂ ಭಾರ ಇಳಿಯುತ್ತದೆ.

ಆಮೇಲೆ ಓವರ್‌ಲೇ. ಗೇಮ್ ಮಧ್ಯೆ ಶಿಫ್ಟ್ ಟ್ಯಾಬ್ ಒತ್ತಿದರೆ ಸ್ಟೀಮ್ ತೆರೆದುಕೊಳ್ಳುತ್ತದಲ್ಲ, ಅದು. ಲಾಂಚರ್ ತನ್ನ ಒಂದು ತುಣುಕನ್ನು ಗೇಮ್ ಒಳಗೇ ಇಟ್ಟಿರುತ್ತದೆ, ಪ್ರತಿ ಚಿತ್ರ ಪರದೆಗೆ ಹೋಗೋ ಮೊದಲು ಅದರ ಕೈ ದಾಟಿ ಹೋಗುತ್ತದೆ. ಒಂದಿದ್ದರೆ ಗೊತ್ತೇ ಆಗೋದಿಲ್ಲ. ಸ್ಟೀಮ್, ಡಿಸ್ಕಾರ್ಡ್, ಎನ್‌ವಿಡಿಯಾ, ಎಕ್ಸ್‌ಬಾಕ್ಸ್ ಗೇಮ್ ಬಾರ್ ನಾಲ್ಕೂ ಸಾಲಾಗಿ ನಿಂತರೆ ಚಿತ್ರ ಜರ್ಕ್ ಹೊಡೆಯೋದುಂಟು. ಇದು ಬರೀ ಅನುಮಾನ ಅಲ್ಲ. 2024ರ ಡಿಸೆಂಬರ್‌ನಲ್ಲಿ ಹೊಸ ಎನ್‌ವಿಡಿಯಾ ಆ್ಯಪ್ ಹಾಕಿಕೊಂಡವರಿಗೆ ಕೆಲವು ಗೇಮ್‌ಗಳಲ್ಲಿ ಶೇ. 15ರವರೆಗೆ ಎಫ್‌ಪಿಎಸ್ ಇಳಿದಿತ್ತು. ಓವರ್‌ಲೇ ಒಳಗಿನ ಗೇಮ್ ಫಿಲ್ಟರ್, ಫೋಟೋ ಮೋಡ್ ಆಫ್ ಮಾಡಿ ಅಂತ ಕಂಪನಿಯೇ ಹೇಳಿತು. ನಿಮ್ಮದೂ ಜಿಟಿಎಕ್ಸ್ ಕಾರ್ಡ್, ಅದನ್ನು ಒಮ್ಮೆ ನೋಡಿ. ಓವರ್‌ಲೇ ತೊಂದರೆ ಗುರುತಿಸೋದು ಸುಲಭ. ಅದು ಮುಕ್ಕಾಲು ಗಂಟೆಗೆ ಹೋಗೋದಿಲ್ಲ, ಆಡಿದಷ್ಟು ಹೊತ್ತೂ ಇರುತ್ತದೆ.

ಇನ್ನು ಬಹಳ ಜನ ತಾವೇ ಮಾಡಿಕೊಳ್ಳೋ ಎರಡು ತಪ್ಪು. ಲಾಂಚರ್ ಭಾರ ಅಂತ ಗೊತ್ತಾದ ಕೂಡಲೇ ಟಾಸ್ಕ್ ಮ್ಯಾನೇಜರ್‌ಗೆ ಹೋಗಿ ಅದರ ಪ್ರಯಾರಿಟಿಯನ್ನು, ಅಂದರೆ ಪ್ರೊಸೆಸರ್ ಮುಂದಿನ ಸಾಲಿನಲ್ಲಿ ಅದರ ದರ್ಜೆಯನ್ನು, ಲೋ ಮಾಡಿಬಿಡುತ್ತಾರೆ. ಜಾಣತನ ಅನಿಸುತ್ತದೆ. ಆದರೆ ವಿಂಡೋಸ್‌ನಲ್ಲಿ ಒಂದು ನಿಯಮ ಇದೆ, ಲೋ ಅಥವಾ ಬಿಲೋ ನಾರ್ಮಲ್ ಇರೋ ಪ್ರೋಗ್ರಾಂ ಇನ್ನೊಂದನ್ನು ತೆರೆದರೆ, ಬೇರೆ ಏನೂ ಹೇಳದಿದ್ದರೆ, ಆ ಹೊಸದಕ್ಕೂ ಅದೇ ದರ್ಜೆ ಸಿಗುತ್ತದೆ. ಲಾಂಚರ್ ಅಪ್ಪ, ಗೇಮ್ ಮಗ. ಅಪ್ಪನನ್ನು ಸಾಲಿನ ಕೊನೆಗೆ ಕಳಿಸಿದರೆ ಮಗನೂ ಅಲ್ಲೇ ಹೋಗಿ ನಿಲ್ಲುತ್ತಾನೆ. ಮಾಡಿದ್ದರೆ ಲಾಂಚರ್ ಬಂದ್ ಮಾಡಿ ಹೊಸದಾಗಿ ತೆರೆಯಿರಿ, ಸರಿಹೋಗುತ್ತದೆ. ಎರಡನೇದು, ನಿಮ್ಮಂಥ ಲ್ಯಾಪ್‌ಟಾಪ್‌ನಲ್ಲಿ ಗ್ರಾಫಿಕ್ಸ್ ಎರಡು, ಪ್ರೊಸೆಸರ್ ಒಳಗಿನದು ಒಂದು, ಜಿಟಿಎಕ್ಸ್ ಒಂದು. ವಿಂಡೋಸ್‌ನ ಡಿಸ್‌ಪ್ಲೇ ಸೆಟ್ಟಿಂಗ್‌ನ ಗ್ರಾಫಿಕ್ಸ್ ವಿಭಾಗದಲ್ಲಿ ಯಾವುದಕ್ಕೆ ಯಾವ ಕಾರ್ಡ್ ಅಂತ ಹೇಳಬಹುದು. ಜನ ಅಲ್ಲಿ ಸ್ಟೀಮ್ ಅನ್ನು ಸೇರಿಸಿ ಹೈ ಪರ್ಫಾರ್ಮೆನ್ಸ್ ಕೊಟ್ಟು ನೆಮ್ಮದಿಯಾಗುತ್ತಾರೆ. ಇಲ್ಲಿ ಮಾತ್ರ ಅಪ್ಪನದು ಮಗನಿಗೆ ಬರೋದಿಲ್ಲ. ಸೇರಿಸಬೇಕಾದದ್ದು ಗೇಮ್‌ನ ಫೈಲ್. ಲಾಂಚರ್‌ಗೆ ಪವರ್ ಸೇವಿಂಗ್ ಕೊಟ್ಟರೂ ನಡೆಯುತ್ತದೆ.

ಜಿಟಿಎ ತಡವಾಗಿ ತೆರೆಯೋದಕ್ಕೆ ಒಂದು ಕಾರಣ ನಿಮ್ಮ ಎದುರಿಗೇ ಇದೆ. ಸ್ಟೀಮ್‌ನಲ್ಲಿ ಒತ್ತಿದರೆ ಅದು ಮೊದಲು ರಾಕ್‌ಸ್ಟಾರ್ ಲಾಂಚರ್ ಎಬ್ಬಿಸುತ್ತದೆ, ಅದು ತಾನು ಅಪ್‌ಡೇಟ್ ಆಗಿ, ಲಾಗಿನ್ ಆಗಿ, ಆಮೇಲೆ ಗೇಮ್. ಇದನ್ನು ತಪ್ಪಿಸೋಕೆ ಆಗಲ್ಲ, ಸುಮ್ನೆ ತಲೆ ಕೆಡಿಸಿಕೊಳ್ಳಬೇಡಿ. ಆದರೆ ಎಲ್ಲಾ ತಪ್ಪನ್ನೂ ಲಾಂಚರ್ ತಲೆಗೆ ಕಟ್ಟೋದೂ ಸರಿಯಲ್ಲ. ಜಿಟಿಎ ಆನ್‌ಲೈನ್ ತೆರೆಯೋಕೆ ವರ್ಷಗಟ್ಟಲೆ ಐದಾರು ನಿಮಿಷ ತಗೊಳ್ಳುತ್ತಿತ್ತು. 2021ರಲ್ಲಿ ಹೊರಗಿನ ಒಬ್ಬ ಪ್ರೋಗ್ರಾಮರ್ ಹುಡುಕಿ ನೋಡಿದರೆ, ಗೇಮ್ ಒಳಗೇ ಸುಮಾರು 10 ಎಂಬಿಯ ಒಂದು ಪಟ್ಟಿಯನ್ನು ತೀರಾ ದಡ್ಡತನದಿಂದ ಓದಲಾಗುತ್ತಿತ್ತು. ಅದನ್ನು ಸರಿ ಮಾಡಿದರೆ ಅವನ ಕಂಪ್ಯೂಟರಿನಲ್ಲಿ ಸುಮಾರು ಶೇ. 70ರಷ್ಟು ಸಮಯ ಉಳಿಯಿತು. ಕಂಪನಿ ಒಪ್ಪಿಕೊಂಡು 10,000 ಡಾಲರ್ ಬಹುಮಾನ ಕೊಟ್ಟು ಅಪ್‌ಡೇಟ್ ಬಿಟ್ಟಿತು. ಅದಕ್ಕೇ ನಾನು ಮೊದಲು ನೋಡಿ, ಆಮೇಲೆ ಬೈಯಿರಿ ಅನ್ನೋದು.

ಗೇಮ್ ಬೂಸ್ಟರ್ ಬೇಡವೇ ಬೇಡ. ನಾಲ್ಕು ಜನ ಕೂತ ಕೋಣೆಯಲ್ಲಿ ಜಾಗ ಇಲ್ಲ ಅಂತ ಐದನೆಯವನನ್ನು ಕರೆದ ಹಾಗೆ. ಅದು ಮಾಡೋ ಒಂದೇ ಒಳ್ಳೆ ಕೆಲಸ ಬೇಡದ ಪ್ರೋಗ್ರಾಂ ಬಂದ್ ಮಾಡೋದು, ಅದನ್ನು ನೀವು ಎರಡು ಕ್ಲಿಕ್‌ನಲ್ಲಿ ಮಾಡಿದ್ದೀರಿ. ಫಾರ್ಮ್ಯಾಟ್ ಹೊಡೆದರೆ ಒಂದು ವಾರ ಚೆನ್ನಾಗಿ ಓಡುತ್ತದೆ, ಆಮೇಲೆ ನೀವು ಅದೇ ನಾಲ್ಕು ಲಾಂಚರ್ ಹಾಕುತ್ತೀರಿ.

ತೆಗೆದರೆ ಗೇಮ್ ಹೋಗುತ್ತಾ ಅಂದಿರಿ. ಕೊಂಡ ಗೇಮ್ ನಿಮ್ಮ ಅಕೌಂಟಿನಲ್ಲಿ ಇರುತ್ತದೆ, ಅದಕ್ಕೆ ಏನೂ ಆಗಲ್ಲ. ಆದರೆ ಎಚ್ಚರ, ಸ್ಟೀಮ್ ಅನ್ನು ಅನ್‌ಇನ್‌ಸ್ಟಾಲ್ ಮಾಡಿದರೆ ಅದರ ಫೋಲ್ಡರ್ ಒಳಗಿನ ಗೇಮ್ ಫೈಲುಗಳೂ ಜೊತೆಗೇ ಅಳಿಸಿಹೋಗುತ್ತವೆ. ಮತ್ತೆ ಅಷ್ಟೂ ಜಿಬಿ ಡೌನ್‌ಲೋಡ್. ತೆಗೆಯಲೇಬೇಕಾದರೆ ಮೊದಲು ಸ್ಟೀಮ್‌ಆ್ಯಪ್ಸ್ ಫೋಲ್ಡರನ್ನು ಬೇರೆ ಕಡೆ ಸರಿಸಿ ಇಡಿ, ಸ್ಟೀಮ್ ಮತ್ತೆ ಹಾಕಿದ ಮೇಲೆ ಅದೇ ಜಾಗಕ್ಕೆ ತನ್ನಿ. ನಿಮಗೆ ಈಗ ಅದರ ಅಗತ್ಯ ಇಲ್ಲ, ಸ್ಟಾರ್ಟಪ್‌ನಿಂದ ತೆಗೆದರೆ ಸಾಕು.

ಇಷ್ಟಾದ ಮೇಲೂ ರ‍್ಯಾಮ್ ಬೇಕು ಅನಿಸಿದರೆ ತಗೊಳ್ಳಿ, 8 ಜಿಬಿ ಈಗ ಕಡಿಮೆಯೇ. ಅಂಗಡಿಗೆ ಹೋಗೋ ಮೊದಲು ಟಾಸ್ಕ್ ಮ್ಯಾನೇಜರ್‌ನ ಮೆಮೊರಿ ಪುಟದಲ್ಲಿ ಸ್ಲಾಟ್ಸ್ ಯೂಸ್ಡ್ ಅಂತ ಇರೋ ಕಡೆ ನೋಡಿ. 1 ಆಫ್ 2 ಅಂತಿದ್ದರೆ ಇರೋದನ್ನು ತೆಗೆಸಬೇಡಿ, ಪಕ್ಕದಲ್ಲಿ ಇನ್ನೊಂದು 8 ಜಿಬಿ ಡಿಡಿಆರ್ 4, 3200ರದ್ದು ಹಾಕಿಸಿ. ಎರಡು ಕಡ್ಡಿ ಜೋಡಿಯಾಗಿ ಕೆಲಸ ಮಾಡಿದರೆ ವೇಗವೂ ಸ್ವಲ್ಪ ಹೆಚ್ಚು. ಅವರು ತೆರೆದಾಗ ಫ್ಯಾನ್ ಒಳಗಿನ ಧೂಳನ್ನೂ ಊದಿಸಿಕೊಂಡು ಬನ್ನಿ.